ಗಂಗೂಬಾಯಿ ದನಿ ಬದಲಾದಾಗ

ನಾನು ಹಿರೇಗುತ್ತಿಯವಳು. ನಮ್ಮ ಕಡೆ ಹಾಡು ಅಂದ್ರೆ ಯಕ್ಷಗಾನ ಭಾಗವತರ ಏರುದನಿ. ಇವತ್ತಿನ ಮಾತು ಮಾತ್ರ ಇಳಿದ ದನಿಯದ್ದು.

ಗಂಗೂಬಾಯಿ ಹಾನಗಲ್ ಹುಟ್ಟಿದ್ದು 1913ರಲ್ಲಿ, ಧಾರವಾಡದಲ್ಲಿ. 'ಗಾಂಧಾರಿ' ಹೆಸರಲ್ಲಿ ಬಂದ ಅವರ 1930ರ ದಶಕದ ರೆಕಾರ್ಡುಗಳನ್ನ ಕೇಳಿ: ತೆಳುವಾದ, ಎತ್ತರದ ದನಿ. ಮುಂದೆ ಗಂಟಲಿನ ಚಿಕಿತ್ಸೆ ಆಯ್ತು, ದನಿ ಗಡುಸಾಗಿ ಕೆಳಗಿಳಿಯಿತು. ಕಣ್ಣುಮುಚ್ಚಿ ಕೇಳಿದ್ರೆ ಗಂಡಸಿನ ದನಿ ಅನ್ನಿಸಬೇಕು, ಹಾಗೆ.

ಆದರೂ ಅವರು ಹಾಡೋದು ನಿಲ್ಲಿಸಲಿಲ್ಲ. ಹೇಗೆ ಸಾಧ್ಯವಾಯ್ತು?

ಒಪೆರಾದಲ್ಲಿ ಸೊಪ್ರಾನೊ ಪಾತ್ರವನ್ನ ಸೊಪ್ರಾನೊ ದನಿಯೇ ಹಾಡಬೇಕು. ಹಿಂದುಸ್ತಾನಿಯಲ್ಲಿ 'ಸಾ' ಎಲ್ಲಿರಬೇಕು ಅನ್ನೋದನ್ನ ಹಾಡುವವರ ಕಂಠ ನಿರ್ಧರಿಸುತ್ತೆ. ತಂಬೂರಿಯನ್ನ ಅದಕ್ಕೆ ತಕ್ಕಂತೆ ಶ್ರುತಿ ಮಾಡ್ತಾರೆ. ಕುಂದಗೋಳದ ಗುರು ಸವಾಯಿ ಗಂಧರ್ವರು ಕಲಿಸಿದ್ದು ಕಿರಾಣಾ ಘರಾಣೆಯ ದಾರಿ: ಒಂದೊಂದೇ ಸ್ವರವನ್ನ ನಿಧಾನವಾಗಿ ಬೆಳೆಸೋದು. ಅದಕ್ಕೆ ಎತ್ತರದ ದನಿಯೇ ಬೇಕು ಅಂತೇನಿಲ್ಲ. ಅದೇ ಗುರುವಿನ ಶಿಷ್ಯರು ಭೀಮಸೇನ ಜೋಶಿ, ಫಿರೋಜ್ ದಸ್ತೂರ್. ಮೂವರ ದನಿಯೂ ಬೇರೆಬೇರೆ.

2002ರಲ್ಲಿ ಪದ್ಮವಿಭೂಷಣ ಬಂತು, ಅದೇ ಇಳಿದ ದನಿಗೆ.

ದನಿ ಒಡೆಯಿತು ಅಂತ ಹಾಡು ಬಿಟ್ಟವರು ನಿಮ್ಮಲ್ಲೂ ಇರಬಹುದು. ಮೊಬೈಲಿನ ತಂಬೂರಿ ಆ್ಯಪ್ ತೆಗೆದು, ಶ್ರುತಿ ಇಳಿಸಿ ನೋಡಿ.