ಅಪ್ಪ ಮರಳಿದ ಮನೆ: ಟರ್ಕಿಯ ಒಂದು ಧಾರಾವಾಹಿಯ ಮೊದಲ ಕಂತು ಮತ್ತು 1967ರ ಇಸ್ತಾಂಬುಲ್

2010ರ ಸೆಪ್ಟೆಂಬರ್ 12, ಭಾನುವಾರ. ಟರ್ಕಿಯಲ್ಲಿ ಸಂವಿಧಾನ ತಿದ್ದುಪಡಿಗಾಗಿ ಜನಮತಗಣನೆ ನಡೆಯಿತು. ಸರಿಯಾಗಿ 30 ವರ್ಷಗಳ ಹಿಂದೆ, 1980ರ ಇದೇ ದಿನ, ಸೇನೆ ಅಧಿಕಾರ ಕಸಿದುಕೊಂಡಿತ್ತು. ಆ ಸೇನಾಧಿಕಾರಿಗಳನ್ನು ಕಟಕಟೆಗೆ ತರದಂತೆ ಕಾಯುತ್ತಿದ್ದ ವಿಧಿಯನ್ನು ಕಿತ್ತುಹಾಕುವುದೂ ತಿದ್ದುಪಡಿಗಳಲ್ಲಿ ಒಂದಾಗಿತ್ತು. ಜನಮತಗಣನೆಯಾದ ಎರಡು ದಿನಕ್ಕೆ, ಮಂಗಳವಾರ ರಾತ್ರಿ, ಕನಾಲ್ ಡಿ ವಾಹಿನಿಯಲ್ಲಿ 'ಒಯ್ಲೆ ಬಿರ್ ಗೆಚೆರ್ ಜಮಾನ್ ಕಿ' ಧಾರಾವಾಹಿಯ ಮೊದಲ ಕಂತು ಪ್ರಸಾರವಾಯಿತು. ಈ ಎರಡು ದಿನಗಳ ಅಂತರ ಕಾಕತಾಳೀಯವೇ ಇರಬಹುದು. ಆದರೆ ಹಳೆಯ ಲೆಕ್ಕ ತೀರಿಸಲು ಮತ ಹಾಕಿ ಬಂದ ಜನ, ಅದೇ ವಾರ, ಇನ್ನೂ ಹಿಂದಿನ ಕಾಲದ ಒಂದು ಮನೆಯೊಳಕ್ಕೆ ಇಣುಕಿ ನೋಡಿದರು ಎಂಬುದನ್ನು ಇತಿಹಾಸದ ವಿದ್ಯಾರ್ಥಿ ಸುಮ್ಮನೆ ದಾಟಿ ಹೋಗಲಾಗದು.

ಶೀರ್ಷಿಕೆಯ 'ಜಮಾನ್' ನಮಗೆ ಹೊಸದಲ್ಲ. 'ಅದೆಲ್ಲ ಹಳೇ ಜಮಾನಾ' ಎನ್ನುವಾಗ ನಮ್ಮ ಬಾಯಲ್ಲಿ ಬರುವುದೂ ಅದೇ ಅರಬ್ಬಿ-ಪಾರಸಿ ಮೂಲದ ಮಾತು. 'ಕಾಲ ಹೇಗೆ ಸರಿದುಹೋಗುತ್ತದೆ ಎಂದರೆ...' ಎಂಬಲ್ಲಿಗೆ ಶೀರ್ಷಿಕೆ ನಿಂತುಬಿಡುತ್ತದೆ. ಕೊನೆಯ 'ಕಿ' ನಮ್ಮ 'ಎಂದರೆ'ಯ ಹಾಗೆ, ಮುಂದಿನ ಮಾತಿಗೆ ಬಾಗಿಲು ತೆರೆದಿಟ್ಟು ಸುಮ್ಮನಾಗುತ್ತದೆ. ಅನಾತೋಲಿಯನ್ ರಾಕ್ ಗಾಯಕ ಎರ್ಕಿನ್ ಕೊರಾಯ್ ಅವರ ಪ್ರಸಿದ್ಧ ಹಾಡಿಗೂ ಇದೇ ಹೆಸರು.

ಗತಕಾಲವನ್ನು ಕಿರುತೆರೆಗೆ ತರುವ ರೂಢಿ ಇಲ್ಲಿಂದ ಆರಂಭವಾದದ್ದಲ್ಲ. ಚಾಆನ್ ಇರ್ಮಾಕ್ ನಿರ್ದೇಶನದ 'ಚೆಂಬೆರಿಮ್ದೆ ಗುಲ್ ಓಯಾ' 2004ರಲ್ಲೇ 1980ರ ದಂಗೆಯ ಆಸುಪಾಸಿನ ದಿನಗಳನ್ನು ತೆರೆಗೆ ತಂದಿತ್ತು. 2006ರ 'ಹತಿರ್ಲಾ ಸೆವ್ಗಿಲಿ' ಅದಕ್ಕೂ ಹಿಂದೆ ಹೋಗಿ ಪ್ರಧಾನಿ ಮೆಂದೆರೆಸ್ ಕಾಲವನ್ನೂ 1960ರ ಸೇನಾ ದಂಗೆಯನ್ನೂ ಪ್ರೇಮಕಥೆಯೊಂದಿಗೆ ಹೆಣೆದಿತ್ತು. ಇವುಗಳಲ್ಲಿ ದೇಶದ ರಾಜಕೀಯವೇ ಮನೆಯ ಬಾಗಿಲು ಬಡಿಯುತ್ತದೆ. ಜೋಷ್ಕುನ್ ಇರ್ಮಾಕ್ ಬರೆದು, ಜೆಯ್ನೆಪ್ ಗುನಾಯ್ ತಾನ್ ನಿರ್ದೇಶಿಸಿದ 2010ರ ಕಂತಿನಲ್ಲಿ ಬಾಗಿಲು ಬಡಿಯುವವನು ಮನೆಯ ಯಜಮಾನನೇ.

ಕಥೆ ಶುರುವಾಗುವುದು 1967ರ ಇಸ್ತಾಂಬುಲ್‌ನಲ್ಲಿ. ಹಡಗಿನ ಕಪ್ತಾನ ಅಲಿ (ಎರ್ಕಾನ್ ಪೆತೆಕ್ಕಾಯಾ) ದೂರದ ಯಾನ ಮುಗಿಸಿ ಬರುತ್ತಾನೆ. ಹೆಂಡತಿ ಜೆಮಿಲೆ (ಆಯ್ಚಾ ಬಿಂಗೊಲ್), ಮಕ್ಕಳಾದ ಬೆರ್ರಿನ್, ಆಯ್ಲಿನ್, ಮೆತೆ, ಪುಟ್ಟ ಒಸ್ಮಾನ್ ಕಾದಿದ್ದಾರೆ. ಗಂಡನ ಬದುಕಿನಲ್ಲಿ ಕ್ಯಾರೋಲಿನ್ ಎಂಬ ಡಚ್ ಹೆಣ್ಣಿದ್ದಾಳೆ ಎಂಬುದು ಜೆಮಿಲೆಗೆ ಗೊತ್ತಾಗುತ್ತದೆ. ಕಥೆಯ ಎಳೆ ಇಷ್ಟೇ. ಯೆಶಿಲ್‌ಚಾಮ್ ಎಂದು ಕರೆಯಲಾಗುವ ಟರ್ಕಿಯ ಜನಪ್ರಿಯ ಸಿನಿಮಾಗಳು ಅರವತ್ತರ ದಶಕದಲ್ಲಿ ಅರೆದು ಅರೆದು ಸವೆಸಿದ ಎಳೆ ಎಂದರೂ ತಪ್ಪಲ್ಲ.

ಆದರೆ ಅದರ ಕೆಳಗೆ ಕಾನೂನಿನ ಒಂದು ಪದರವಿದೆ, ವಿಮರ್ಶಕರು ಇದಕ್ಕೆ ಇನ್ನಷ್ಟು ಗಮನ ಕೊಡಬೇಕಿತ್ತು ಎನ್ನುವುದು ನನ್ನ ಅಭಿಪ್ರಾಯ. ಸ್ವಿಸ್ ಮಾದರಿಯ 1926ರ ನಾಗರಿಕ ಸಂಹಿತೆ ಬಹುಪತ್ನಿತ್ವವನ್ನು ರದ್ದುಮಾಡಿದರೂ ಗಂಡನೇ ಕುಟುಂಬದ ಮುಖ್ಯಸ್ಥ ಎಂದು ಬರೆದಿಟ್ಟಿತ್ತು. ಎಲ್ಲಿ ವಾಸಿಸಬೇಕೆಂದು ತೀರ್ಮಾನಿಸುವವನು ಅವನು. ಹೆಂಡತಿ ದುಡಿಯಲು ಹೋಗುವುದಕ್ಕೂ ಅವನ ಒಪ್ಪಿಗೆ ಬೇಕು. ದಂಡ ಸಂಹಿತೆಯಲ್ಲಿ ತಾರತಮ್ಯ ಇನ್ನೂ ಕಟು. ಹೆಂಡತಿಯ ವ್ಯಭಿಚಾರ ಎಂಥದಾದರೂ ಅಪರಾಧ. ಗಂಡನದು ಅಪರಾಧವಾಗಬೇಕಾದರೆ ಅವನು ಇನ್ನೊಬ್ಬಳನ್ನು ಮನೆಯಲ್ಲೋ ಊರಿಗೆಲ್ಲ ಗೊತ್ತಿರುವಂತೆಯೋ ಇಟ್ಟುಕೊಂಡಿರಬೇಕು. ದುಡಿಮೆಗೆ ಗಂಡನ ಅನುಮತಿ ಬೇಕೆಂಬ ವಿಧಿಯನ್ನು ಸಂವಿಧಾನ ನ್ಯಾಯಾಲಯ ರದ್ದುಮಾಡಿದ್ದು 1990ರಲ್ಲಿ. ವ್ಯಭಿಚಾರದ ಎರಡು ವಿಧಿಗಳು 1996 ಮತ್ತು 1998ರ ತೀರ್ಪುಗಳಲ್ಲಿ ಬಿದ್ದುಹೋದವು. 'ಮುಖ್ಯಸ್ಥ' ಎಂಬ ಪಟ್ಟ ಹೋದದ್ದು 2002ರ ಜನವರಿ 1ರಂದು, ಹೊಸ ನಾಗರಿಕ ಸಂಹಿತೆಯೊಂದಿಗೆ. ಅಲ್ಲಿಗೆ, ಕಪ್ತಾನನ ಗದರಿಕೆ ಕೇಳಿದ 2010ರ ಪ್ರೇಕ್ಷಕಿಗೆ ಅದು ಅಜ್ಜಿಯ ಕಾಲದ ಮಾತಲ್ಲ, ಎಂಟೇ ವರ್ಷ ಹಳೆಯದು.

ಹಾಗಿದ್ದರೆ 1967ರ ಆಯ್ಕೆ ಏನು ಹೇಳುತ್ತದೆ? ಇಸ್ತಾಂಬುಲ್ ತಾಂತ್ರಿಕ ವಿಶ್ವವಿದ್ಯಾಲಯ 1952ರಲ್ಲೇ ಪ್ರಯೋಗಾರ್ಥ ದೂರದರ್ಶನ ಪ್ರಸಾರ ಮಾಡಿದ್ದರೂ, ಸರ್ಕಾರಿ ಟಿಆರ್‌ಟಿ ಅಂಕಾರಾದಿಂದ ಪರೀಕ್ಷಾರ್ಥ ಪ್ರಸಾರ ಆರಂಭಿಸಿದ್ದು 1968ರ ಜನವರಿ 31ರಂದು. ಕಥೆ ಶುರುವಾಗುವಾಗ ಸಂಜೆಯ ಒಡನಾಡಿ ರೇಡಿಯೊ. ವಿದ್ಯಾರ್ಥಿಗಳು ಇಸ್ತಾಂಬುಲ್ ವಿಶ್ವವಿದ್ಯಾಲಯವನ್ನು ವಶಪಡಿಸಿಕೊಂಡ 1968ರ ಜೂನ್ ಇನ್ನೂ ಬಂದಿಲ್ಲ; ಬೆರ್ರಿನ್‌ಳನ್ನು ಅತ್ತ ಸೆಳೆಯುವ ಎಡಪಂಥೀಯ ಗೆಳೆತನ ಕಥೆಗೆ ಮುಂದೆ ಸಾಮಗ್ರಿಯಾಗುತ್ತದೆ. ಮೊದಲ ಕಂತು ಹೀಗೆ ದೊಡ್ಡ ಗದ್ದಲದ ಹೊಸ್ತಿಲಲ್ಲಿ ನಿಂತಿದೆ. ಬೀದಿ ಸಿಡಿಯುವ ಮೊದಲೇ ಮನೆ ಸಿಡಿದಿದೆ.

ಹಳೆಯ ಪೀಠೋಪಕರಣ, ಉಡುಪು, ಪಾಪ್ ಹಾಡು ಇವೆಲ್ಲ ಹಂಬಲ ಹುಟ್ಟಿಸುವುದೇನೋ ನಿಜ. ಅದನ್ನು ಅಲ್ಲಗಳೆಯುವುದು ಪಂಡಿತರ ಬಿಗುಮಾನವಾದೀತು. ಆದರೆ ಈ ಹಂಬಲ ಯಾರದೆಂದು ಕೇಳಬೇಕು. ಕಥೆ ಹೇಳುವ ದನಿ ದೊಡ್ಡವನಾದ ಒಸ್ಮಾನನದು. ಆಗ ಅವನು ಮನೆಯ ಕಿರಿಯ, ಅಪ್ಪ ಬಂದನೆಂದು ಹಿಗ್ಗಿದವನು. ಅದೇ ಮರಳುವಿಕೆಯಿಂದ ಮದುವೆಯನ್ನೇ ಕಳೆದುಕೊಳ್ಳಲಿರುವ ಜೆಮಿಲೆಗೆ ನಿರೂಪಣೆಯ ದನಿಯಿಲ್ಲ. ಇದು ಧಾರಾವಾಹಿಯ ಕೊರತೆಯೋ ಜಾಣತನವೋ ಎಂಬುದರಲ್ಲಿ ನನಗೆ ಬಹುಕಾಲ ಗೊಂದಲವಿತ್ತು. ಈಗ ಜಾಣತನವೆಂದೇ ಅನ್ನಿಸುತ್ತದೆ: ಒಸ್ಮಾನ್ ಹಿಗ್ಗಿನಿಂದ ನೆನೆಯುವ ಸಂಜೆಯನ್ನೇ ಕ್ಯಾಮೆರಾ ಅವನ ತಾಯಿಯ ಮುಖದ ಮೇಲೆ ನಿಂತು ತೋರಿಸುತ್ತದೆ.