ಸವಕಳಿ ಎಂಬ ಕಾಣದ ಖರ್ಚು: ರಾಯಚೂರಿನ ಆಸ್ತಿಗಳ ಕಥೆ

ರಾಯಚೂರಿನ ಗಂಜಿನಲ್ಲಿ ಲೆಕ್ಕ ಬರೆಯುವವರು ದಿನಕ್ಕೆ ನೂರು ಸಲ ಆಡುವ ಮಾತುಗಳನ್ನು ಒಮ್ಮೆ ಗಮನಿಸಿ: ಜಮಾ, ಖರ್ಚು, ಬಾಕಿ, ವಸೂಲಿ, ರಕಮು, ಅಸಲು. ಇವೆಲ್ಲ ಅರಬ್ಬಿ, ಫಾರ್ಸಿ ಭಾಷೆಗಳಿಂದ ಬಂದು ಕನ್ನಡದ ಮನೆಯಲ್ಲೇ ಹುಟ್ಟಿದವುಗಳಂತೆ ನೆಲೆಸಿದ ಶಬ್ದಗಳು. ಬಹಮನಿ, ಆದಿಲ್‌ಶಾಹಿ ಮತ್ತು ನಿಜಾಮರ ದಫ್ತರುಗಳು ನಮ್ಮ ಭಾಗಕ್ಕೆ ಬಿಟ್ಟುಹೋದ ಸಾಮಾನುಗಳಲ್ಲಿ ಇಂದಿಗೂ ಸವೆಯದೆ ಉಳಿದವು ಎಂದರೆ ಬಹುಶಃ ಇವೇ. ಇವುಗಳಲ್ಲಿ 'ಅಸಲು' ಎಂಬ ಪದ ವಿದ್ಯಾರ್ಥಿಗಳ ವಿಶೇಷ ಗಮನಕ್ಕೆ ಯೋಗ್ಯವಾದದ್ದು. ಅರಬ್ಬಿಯಲ್ಲಿ 'ಅಸ್ಲ್' ಎಂದರೆ ಬೇರು, ಬುಡ. ಸಾಲದ ವ್ಯವಹಾರದಲ್ಲಿ ನಾವು ಮೂಲ ಹಣವನ್ನು ಅಸಲು ಎನ್ನುವಾಗ, ಬೇರು ಬೇರೆ, ಫಲ ಬೇರೆ ಎಂಬ ತಿಳಿವಳಿಕೆಯನ್ನು ಅರಿವಿಲ್ಲದೆಯೇ ಬಳಸುತ್ತಿರುತ್ತೇವೆ. ಲೆಕ್ಕಶಾಸ್ತ್ರದ ಬಹುಪಾಲು ಈ ಎರಡನ್ನು ಬೇರೆಬೇರೆ ಇಡುವ ಪ್ರಯತ್ನವೇ ಆಗಿದೆ.

ಮಾರಾಟಕ್ಕಲ್ಲದೆ, ವರ್ಷಾನುಗಟ್ಟಲೆ ಉಪಯೋಗಿಸಿ ಗಳಿಸುವುದಕ್ಕಾಗಿ ಇಟ್ಟುಕೊಂಡ ಆಸ್ತಿಯನ್ನು ಸ್ಥಿರಾಸ್ತಿ ಎನ್ನುತ್ತಾರೆ. ಕಂದಾಯ ಕಚೇರಿಯಲ್ಲಿ ಸ್ಥಿರಾಸ್ತಿ ಎಂದರೆ ಹೊಲ, ಮನೆ ಮಾತ್ರ. ಲೆಕ್ಕದ ಪುಸ್ತಕದಲ್ಲಿ ಹಾಗಲ್ಲ. ಅಲ್ಲಿ ಹೊಲಿಗೆ ಯಂತ್ರವೂ, ಆಟೊರಿಕ್ಷಾವೂ, ಶಾಲೆಯ ಬೆಂಚೂ ಸ್ಥಿರಾಸ್ತಿಗಳೇ. ಅಂಗಡಿಯಲ್ಲಿ ಮಾರಲು ಇಟ್ಟ ಹೊಲಿಗೆ ಯಂತ್ರ ಸರಕು. ದರ್ಜಿಯ ಮುಂದಿರುವುದು ಸ್ಥಿರಾಸ್ತಿ. ವಸ್ತು ಒಂದೇ, ಉದ್ದೇಶ ಬೇರೆ. ನಮ್ಮ ಜಿಲ್ಲೆಯಲ್ಲಿ ಇಂಥ ದೊಡ್ಡ ಸ್ಥಿರಾಸ್ತಿಗಳು ಬಂದದ್ದು ಹೇಗೆ, ಅವುಗಳ ಹೊರೆ ಯಾರ ತಲೆಗೆ ಬಿತ್ತು ಎಂಬುದನ್ನು ನೋಡಿದರೆ ಪಠ್ಯಪುಸ್ತಕದ ಒಣ ವ್ಯಾಖ್ಯೆಗಳಿಗೆ ಜೀವ ಬರುತ್ತದೆ.

ಮೊದಲನೆಯದು ರೈಲು. ಬೊಂಬಾಯಿ ಕಡೆಯಿಂದ ಬಂದ ಗ್ರೇಟ್ ಇಂಡಿಯನ್ ಪೆನಿನ್ಸುಲಾ ಕಂಪನಿಯ ಹಳಿಯೂ, ಮದ್ರಾಸಿನಿಂದ ಬಂದ ಮದ್ರಾಸ್ ರೈಲ್ವೆಯ ಹಳಿಯೂ 1871ರಲ್ಲಿ ರಾಯಚೂರಿನಲ್ಲಿ ಕೂಡಿದವು. ಎರಡು ಮಹಾನಗರಗಳ ನಡುವೆ ರೈಲು ಸಂಪರ್ಕ ಪೂರ್ಣವಾದದ್ದು ನಮ್ಮೂರಿನಲ್ಲಿ! ಇದನ್ನು ನಾವು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವೆ. ಆದರೆ ಆ ಹಳಿಗೆ ಹಾಕಿದ ಹಣದ ಕರಾರನ್ನು ಓದಿದವರು ಕಡಿಮೆ. 1849ರಲ್ಲಿ ಈಸ್ಟ್ ಇಂಡಿಯಾ ಕಂಪನಿಯೊಂದಿಗೆ ಆದ ಒಪ್ಪಂದದ ಪ್ರಕಾರ, ರೈಲು ಕಂಪನಿ ಹೂಡಿದ ಬಂಡವಾಳಕ್ಕೆ ಶೇಕಡಾ 5ರ ಪ್ರತಿಫಲದ ಖಾತ್ರಿ ಇತ್ತು. ಭೂಮಿ ಪುಕ್ಕಟೆ. ರೈಲಿನ ಗಳಿಕೆ ಸಾಲದೆ ಹೋದರೆ ಕೊರತೆಯನ್ನು ಖಜಾನೆ ತುಂಬಿಕೊಡಬೇಕು. ಆ ಖಜಾನೆ ತುಂಬುತ್ತಿದ್ದುದು ಈ ದೇಶದ ರೈತನ ಕಂದಾಯದಿಂದ. ಪ್ರತಿಫಲ ಹೋಗುತ್ತಿದ್ದುದು ಬಹುತೇಕ ಲಂಡನ್ನಿನ ಷೇರುದಾರನಿಗೆ.

ಹೂಡಿಕೆಯ ಒಂದು ಮುಖ್ಯ ಪಾಠ ಇಲ್ಲಿದೆ. ಲಾಭಕ್ಕೆ ಖಾತ್ರಿ ಸಿಕ್ಕಿತೆಂದರೆ ನಷ್ಟದ ಭಯ ಮಾಯವಾಯಿತೆಂದಲ್ಲ, ಅದು ಬೇರೊಬ್ಬರ ಹೆಗಲಿಗೆ ಹೋಯಿತೆಂದು ಅರ್ಥ. ಹೇಗೂ ಶೇಕಡಾ 5 ಬರುವುದಾದರೆ ಕಂಪನಿ ಮಿತವ್ಯಯ ಏಕೆ ಮಾಡೀತು? ಮೈಲಿಗೆ ಎಷ್ಟು ಖರ್ಚಾದರೇನು? ದಾದಾಭಾಯಿ ನವರೋಜಿ, ರಮೇಶಚಂದ್ರ ದತ್ತ ಮುಂತಾದವರು ಈ ಪದ್ಧತಿಯನ್ನು ಖಂಡಿಸಿದ್ದು ಇದೇ ಕಾರಣಕ್ಕೆ.

ರೈಲು ಇನ್ನೊಂದು ಪಾಠವನ್ನೂ ಕಲಿಸಿತು. ಇಂಗ್ಲೆಂಡಿನ ಆರಂಭದ ರೈಲು ಕಂಪನಿಗಳಲ್ಲಿ ಹಲವು, ಟಿಕೆಟಿನ ಹಣದಲ್ಲಿ ಕಲ್ಲಿದ್ದಲು, ಸಂಬಳದ ಖರ್ಚು ಕಳೆದು ಉಳಿದದ್ದನ್ನೆಲ್ಲ ಲಾಭವೆಂದು ಷೇರುದಾರರಿಗೆ ಹಂಚಿದವು. ಕೆಲವು ವರ್ಷಗಳಲ್ಲಿ ಹಳಿ ಸವೆಯಿತು, ಎಂಜಿನ್ ಹಳತಾಯಿತು. ಬದಲಿಸಲು ಪೆಟ್ಟಿಗೆಯಲ್ಲಿ ಹಣವಿಲ್ಲ. ಲಾಭವೆಂದು ಹಂಚಿದ್ದರಲ್ಲಿ ಒಂದು ಪಾಲು ಅಸಲೇ ಆಗಿತ್ತು ಎಂಬುದು ಆಗ ತಿಳಿಯಿತು. ನಮ್ಮ ದೇಶದಲ್ಲಿ 1924ರಲ್ಲಿ ರೈಲ್ವೆಯ ಹಣಕಾಸನ್ನು ಸಾಮಾನ್ಯ ಬಜೆಟ್ಟಿನಿಂದ ಬೇರ್ಪಡಿಸಿದಾಗ ಸವಕಳಿ ನಿಧಿಯನ್ನೂ ಸ್ಥಾಪಿಸಿದರು. ಆ ಪ್ರತ್ಯೇಕ ಬಜೆಟ್ 2017ರಲ್ಲಿ ಮತ್ತೆ ಸಾಮಾನ್ಯ ಬಜೆಟ್ಟಿನಲ್ಲಿ ಸೇರಿಹೋಯಿತು.

ಸವಕಳಿ ಎಂದರೇನು ಎಂಬುದನ್ನು ಒಂದು ಕಲ್ಪಿತ ಲೆಕ್ಕದಿಂದ ನೋಡೋಣ. ಒಬ್ಬನು 2,40,000 ರೂಪಾಯಿ ಕೊಟ್ಟು ಆಟೊ ಕೊಂಡ. ಅದು 8 ವರ್ಷ ಓಡುತ್ತದೆ, ಕೊನೆಗೆ 40,000ಕ್ಕೆ ಮಾರಾಟವಾಗುತ್ತದೆ ಎಂದಿಟ್ಟುಕೊಳ್ಳಿ. 8 ವರ್ಷಗಳಲ್ಲಿ ಕರಗುವ ಬೆಲೆ 2,00,000, ವರ್ಷಕ್ಕೆ 25,000. ಇಂಧನ, ರಿಪೇರಿ, ವಿಮೆ ಎಲ್ಲ ಕಳೆದು ವರ್ಷಕ್ಕೆ 1,50,000 ಉಳಿದರೆ, ಆತ ಅಷ್ಟೂ ತನ್ನ ದುಡಿಮೆ ಎಂದು ತಿಳಿಯುತ್ತಾನೆ. ನಿಜವಾದ ಗಳಿಕೆ 1,25,000 ಮಾತ್ರ. ಮಿಕ್ಕ 25,000 ಆಟೊದ ಗಾಲಿ, ಎಂಜಿನ್ನುಗಳಿಂದ ಕಳಚಿ ಬಂದ ಅಸಲು. ಈ ಖರ್ಚಿಗೆ ಯಾರೂ ರಸೀದಿ ಕೊಡುವುದಿಲ್ಲ, ಯಾರೂ ಬಾಗಿಲಿಗೆ ಬಂದು ಕೇಳುವುದಿಲ್ಲ. ಎಂಟನೆಯ ವರ್ಷದ ಕೊನೆಗೆ ಒಟ್ಟಾಗಿ ಬಂದು ನಿಲ್ಲುತ್ತದೆ. ಆಗ ಹೊಸ ಆಟೊಗೆ ಮತ್ತೆ ಸಾಲ, ಮತ್ತೆ ಕಂತು.

ಇನ್ನೊಂದು ಮಾತು. ಪುಸ್ತಕದಲ್ಲಿ ಸವಕಳಿ ಬರೆದ ಮಾತ್ರಕ್ಕೆ ಪೆಟ್ಟಿಗೆಯಲ್ಲಿ ಹಣ ತಾನಾಗಿ ಸೇರುವುದಿಲ್ಲ. ಲಾಭವೆಂದು ತೆಗೆದು ಖರ್ಚು ಮಾಡದಂತೆ ಆ ಬರಹ ತಡೆಯುತ್ತದೆ, ಅಷ್ಟೆ. ಎತ್ತಿಡುವ ಕೆಲಸವನ್ನು ಮನುಷ್ಯನೇ ಮಾಡಬೇಕು.

ಈಗ ಕೃಷ್ಣಾ ತೀರಕ್ಕೆ, ಶಕ್ತಿನಗರಕ್ಕೆ ಬರೋಣ. 1970ರಲ್ಲಿ ಸ್ಥಾಪನೆಯಾದ, ಇಂದು ಕರ್ನಾಟಕ ವಿದ್ಯುತ್ ನಿಗಮವೆಂದು ಕರೆಯುವ ಸಂಸ್ಥೆ ಇಲ್ಲಿ ರಾಯಚೂರು ಶಾಖೋತ್ಪನ್ನ ವಿದ್ಯುತ್ ಕೇಂದ್ರವನ್ನು ಕಟ್ಟಿತು. ಮೊದಲ ಘಟಕ 1985ರ ಮಾರ್ಚ್‌ನಲ್ಲಿ ಆರಂಭವಾಯಿತು. ಎರಡನೆಯದು 1986ರಲ್ಲಿ, ಮೂರನೆಯದು 1991ರಲ್ಲಿ, ನಾಲ್ಕನೆಯದು 1994ರಲ್ಲಿ, ಐದು ಮತ್ತು ಆರನೆಯವು 1999ರಲ್ಲಿ, ಏಳನೆಯದು 2002ರಲ್ಲಿ. ಈ ಏಳೂ ತಲಾ 210 ಮೆಗಾವ್ಯಾಟ್ ಸಾಮರ್ಥ್ಯದವು. 2010ರಲ್ಲಿ ಬಂದ ಎಂಟನೆಯದು 250 ಮೆಗಾವ್ಯಾಟ್, ಒಟ್ಟು 1,720.

ಈ ಕೇಂದ್ರದ ಆವರಣವನ್ನೇ ಒಂದು ತೆರೆದ ಲೆಕ್ಕದ ಪುಸ್ತಕವೆಂದು ಭಾವಿಸಿ. ರೈಲು ವ್ಯಾಗನ್ನುಗಳಲ್ಲಿ ಬಂದು ರಾಶಿ ಬೀಳುವ ಕಲ್ಲಿದ್ದಲು ಸ್ಥಿರಾಸ್ತಿಯಲ್ಲ, ದಾಸ್ತಾನು. ಇಂದು ಬಂದದ್ದು ಕೆಲವೇ ದಿನಗಳಲ್ಲಿ ಬೂದಿ. ಬಾಯ್ಲರ್, ಟರ್ಬೈನ್, ಕೂಲಿಂಗ್ ಟವರ್, ಚಿಮಣಿ ಸ್ಥಿರಾಸ್ತಿಗಳು. ಬಾಯ್ಲರಿನ ಒಂದು ಟ್ಯೂಬ್ ಸೋರಿದರೆ ಅದನ್ನು ಸರಿಪಡಿಸುವುದು ಆ ವರ್ಷದ ಖರ್ಚು. ಹೊಗೆಯಲ್ಲಿನ ಬೂದಿ ಹಿಡಿಯುವ ಹೊಸ ಯಂತ್ರವನ್ನು ಜೋಡಿಸಿದರೆ ಅದು ಬಂಡವಾಳ ವೆಚ್ಚ, ಆಸ್ತಿಯ ಬೆಲೆಗೇ ಸೇರುತ್ತದೆ. ಇವೆಲ್ಲ ನಿಂತಿರುವ ನೆಲಕ್ಕೆ ಮಾತ್ರ ಸವಕಳಿ ಇಲ್ಲ. ಟರ್ಬೈನ್ ಸವೆಯುತ್ತದೆ, ನೆಲ ಸವೆಯದು.

ಇಂಥ ಯಂತ್ರದ ಆಯುಷ್ಯವನ್ನು ಅಳೆಯುವುದು ಹೇಗೆ? ಕೇಂದ್ರ ವಿದ್ಯುತ್ ನಿಯಂತ್ರಣ ಆಯೋಗದ 2009ರ ನಿಯಮಾವಳಿ, ತನ್ನ ವ್ಯಾಪ್ತಿಯ ಕಲ್ಲಿದ್ದಲು ಸ್ಥಾವರಗಳಿಗೆ 25 ವರ್ಷ ಎಂದಿತು. ಬೆಲೆ 100 ರೂಪಾಯಿ ಎಂದುಕೊಂಡರೆ 10 ರೂಪಾಯಿ ಗುಜರಿಯ ಬೆಲೆಯಾಗಿ ಉಳಿಯುತ್ತದೆ, 90 ರೂಪಾಯಿಯನ್ನು ಸವಕಳಿ ಬರೆಯಬೇಕು. ಮೊದಲ 12 ವರ್ಷ ವರ್ಷಕ್ಕೆ 5 ರೂಪಾಯಿ 28 ಪೈಸೆ. ಹನ್ನೆರಡು ವರ್ಷಕ್ಕೆ 63 ರೂಪಾಯಿ 36 ಪೈಸೆಯಾಯಿತು. ಉಳಿದ 26 ರೂಪಾಯಿ 64 ಪೈಸೆಯನ್ನು 13 ವರ್ಷಗಳಿಗೆ ಹರಡಿದರೆ ವರ್ಷಕ್ಕೆ ಎರಡು ರೂಪಾಯಿಗಿಂತ ತುಸು ಹೆಚ್ಚು. ಮೊದಲು ಹೆಚ್ಚು, ಆಮೇಲೆ ಕಡಿಮೆ ಏಕೆ? ಸ್ಥಾವರ ಕಟ್ಟಲು ತಂದ ಸಾಲದ ಕಂತುಗಳು ಮೊದಲ ವರ್ಷಗಳಲ್ಲೇ ಬರುತ್ತವೆ, ಅವುಗಳಿಗೆ ಹಣ ಬೇಕು.

ಈ 25 ವರ್ಷದ ಅಳತೆಗೋಲನ್ನು ನಮ್ಮ ಕೇಂದ್ರಕ್ಕೆ ಹಿಡಿದು ನೋಡಿ. ಮೊದಲ ಘಟಕಕ್ಕೆ 25 ತುಂಬಿದ್ದು 2010ರಲ್ಲಿ, ಅಂದರೆ ಎಂಟನೆಯ ಘಟಕ ಹುಟ್ಟಿದ ವರ್ಷವೇ. 2025ರ ಮಾರ್ಚ್‌ಗೆ ಅದು ಆರಂಭವಾಗಿ 40 ವರ್ಷ. ಪುಸ್ತಕದಲ್ಲಿ ಬೆಲೆ ಕಳೆದುಕೊಂಡ ಯಂತ್ರವೂ ದುಡಿಯಬಲ್ಲದು. ಆದರೆ ಹಳೆಯ ಯಂತ್ರ ಒಂದು ಯೂನಿಟ್ಟಿಗೆ ಹೆಚ್ಚು ಕಲ್ಲಿದ್ದಲು ತಿನ್ನುತ್ತದೆ, ರಿಪೇರಿಗೆ ಹೆಚ್ಚು ಕೇಳುತ್ತದೆ. ಘಟಕ ನಿಂತಿದ್ದ ದಿನವೂ ಸವಕಳಿ, ಸಾಲದ ಬಡ್ಡಿ, ನೌಕರರ ಸಂಬಳ ನಿಲ್ಲುವುದಿಲ್ಲ. ಇವು ಸ್ಥಿರ ವೆಚ್ಚಗಳು.

ಲಿಂಗಸುಗೂರು ತಾಲ್ಲೂಕಿನ ಹಟ್ಟಿಯ ಚಿನ್ನದ ಗಣಿಯದು ಇನ್ನೊಂದು ಬಗೆ. 1947ರಲ್ಲಿ ಹೈದರಾಬಾದ್ ಚಿನ್ನದ ಗಣಿ ಕಂಪನಿಯಾಗಿ ಶುರುವಾದ ಸಂಸ್ಥೆ ಅದು. ಗಣಿ ಸವೆಯುವುದಿಲ್ಲ, ಬರಿದಾಗುತ್ತದೆ. ಮೇಲಕ್ಕೆ ತಂದ ಪ್ರತಿ ಬುಟ್ಟಿ ಅದಿರೂ ಆಸ್ತಿಯದೇ ಒಂದು ತುಣುಕು. ಕೋಲಾರದ ಗಣಿ 2001ರ ಫೆಬ್ರವರಿ 28ರಂದು ಮುಚ್ಚಿದಾಗ ಅಲ್ಲಿನ ಕುಟುಂಬಗಳ ಪಾಡೇನಾಯಿತೆಂದು ಹಿರಿಯರಿಗೆ ನೆನಪಿದೆ. ನೂರು ವರ್ಷಕ್ಕೂ ಮಿಕ್ಕಿ ತೆಗೆದ ಚಿನ್ನದಲ್ಲಿ ಆ ಊರಿಗಾಗಿ ಎತ್ತಿಟ್ಟದ್ದು ಎಷ್ಟು ಕಡಿಮೆ ಎಂಬುದು ಆಗ ಕಂಡಿತು.

ವಕ್ಫ್ ಎಂಬ ನಮ್ಮ ಪುರಾತನ ವ್ಯವಸ್ಥೆ ನಿಂತಿರುವುದೂ ಈ ಅಸಲು ಮತ್ತು ಫಲದ ಭೇದದ ಮೇಲೆಯೇ. ಖೈಬರಿನಲ್ಲಿ ದೊರೆತ ಜಮೀನಿನ ಬಗ್ಗೆ ಹಜ್ರತ್ ಉಮರ್ ಅವರು ಕೇಳಿದಾಗ, ಅಸಲನ್ನು ತಡೆದಿಟ್ಟು ಅದರ ಉತ್ಪನ್ನವನ್ನು ದಾನ ಮಾಡುವ ಮಾರ್ಗವನ್ನು ಪ್ರವಾದಿಯವರು ತೋರಿದರೆಂದು ಹದೀಸ್ ಗ್ರಂಥಗಳಲ್ಲಿದೆ. ಮಾರಬಾರದು ಎಂಬ ಅರ್ಧವನ್ನು ನಾವು ಚೆನ್ನಾಗಿ ಬಾಯಿಪಾಠ ಮಾಡಿದ್ದೇವೆ. ಅಂಗಡಿ ಸಾಲಿನ ಬಾಡಿಗೆಯನ್ನೆಲ್ಲ ಪ್ರತಿವರ್ಷ ಖರ್ಚು ಮಾಡಿ, ಛಾವಣಿ ಸೋರತೊಡಗಿದಾಗ ಚಂದಾ ಎತ್ತುವುದೂ ಅಸಲನ್ನು ತಿಂದಂತೆಯೇ ಎಂಬುದು ಇನ್ನೂ ಮನವರಿಕೆಯಾಗಬೇಕಿದೆ.

ಇದು ಕೇವಲ ಪರೀಕ್ಷೆಯ ವಿಷಯವಲ್ಲ. ಬೆಂಗಳೂರಿನ ಐ.ಎಂ.ಎ. ಎಂಬ ಸಂಸ್ಥೆ 2019ರ ಜೂನ್‌ನಲ್ಲಿ ಬಾಗಿಲು ಹಾಕಿದಾಗ ಹತ್ತಾರು ಸಾವಿರ ಜನ ದೂರು ಕೊಡಲು ಸಾಲುಗಟ್ಟಿ ನಿಂತರು. ಬಹುಪಾಲು ನಮ್ಮ ಸಮುದಾಯದವರು. ಹಲಾಲ್ ಲಾಭ ಎಂಬ ಮಾತನ್ನು ನಂಬಿ ಮಗಳ ಮದುವೆಗೆಂದು ಇಟ್ಟ ಹಣ, ನಿವೃತ್ತಿಯ ಹಣ ಹಾಕಿದವರು. ತನಿಖೆ ಸಿ.ಬಿ.ಐ.ಗೆ ಹೋಯಿತು, ಠೇವಣಿದಾರರ ಹಿತರಕ್ಷಣೆಯ 2004ರ ರಾಜ್ಯ ಕಾಯಿದೆಯ ಅಡಿಯಲ್ಲಿ ಆಸ್ತಿಗಳ ಜಪ್ತಿ ನಡೆಯಿತು. ತಿಂಗಳು ತಿಂಗಳು ಬರುತ್ತಿದ್ದುದು ಯಾವ ಆಸ್ತಿಯ ದುಡಿಮೆಯ ಫಲ ಎಂದು ಕೇಳಿದವರು ಕಡಿಮೆ. ಹೊಸಬರ ಠೇವಣಿಯಿಂದ ಹಳಬರಿಗೆ ಕೊಡುವ ಯಾವುದೇ ಯೋಜನೆಯಲ್ಲಿ ಲಾಭವೆಂಬುದು ಇರುವುದೇ ಇಲ್ಲ, ಇರುವುದು ಒಬ್ಬರ ಅಸಲನ್ನು ಇನ್ನೊಬ್ಬರು ತಿನ್ನುವುದು. ಶಕ್ತಿನಗರದಂಥ ನೌಕರರ ಊರಿನಲ್ಲಿ ಗ್ರಾಚುಯಿಟಿ, ಪಿ.ಎಫ್. ಹಣ ಒಂದೇ ಸಲ ಕೈಗೆ ಬರುತ್ತದೆ, ಅದರ ಬೆನ್ನಿಗೇ ಸಲಹೆಗಾರರೂ ಬರುತ್ತಾರೆ. ಆಗ ಕೇಳಬೇಕಾದದ್ದು 'ತಿಂಗಳಿಗೆ ಎಷ್ಟು?' ಎಂದಲ್ಲ. ಆಸ್ತಿ ಎಲ್ಲಿದೆ, ಅದು ಏನನ್ನು ದುಡಿಯುತ್ತದೆ, ಲೆಕ್ಕ ತಪಾಸಣೆ ಯಾರು ಮಾಡಿದ್ದಾರೆ, ನಷ್ಟವಾದರೆ ಯಾರಿಗೆ?

ಕಲಿಯಲು ದೂರ ಹೋಗಬೇಕಿಲ್ಲ. ಪ್ರತಿ ಶಾಲೆಯ ಕಪಾಟಿನಲ್ಲಿ ಡೆಡ್ ಸ್ಟಾಕ್ ರಿಜಿಸ್ಟರ್ ಎಂಬ ಪುಸ್ತಕವಿರುತ್ತದೆ. ಬೆಂಚು, ಕುರ್ಚಿ, ಕಪ್ಪುಹಲಗೆ, ಕಂಪ್ಯೂಟರುಗಳ ಸಂಖ್ಯೆ, ಕೊಂಡ ದಿನ, ಕೊಂಡ ಬೆಲೆ ಅದರಲ್ಲಿ ದಾಖಲಾಗಿರುತ್ತವೆ. ವಾಣಿಜ್ಯ ವಿಭಾಗದ ವಿದ್ಯಾರ್ಥಿಗಳು ಮುಖ್ಯೋಪಾಧ್ಯಾಯರ ಅನುಮತಿ ಪಡೆದು ಅದರ ಒಂದು ಪುಟವನ್ನು ನಕಲು ಮಾಡಿಕೊಳ್ಳಲಿ. ಬಲಗಡೆ ಮೂರು ಅಂಕಣ ಎಳೆಯಲಿ: ಎಷ್ಟು ವರ್ಷ ಬಾಳುತ್ತದೆ, ವರ್ಷಕ್ಕೆ ಎಷ್ಟು ಸವೆಯುತ್ತದೆ, ಇಂದು ಉಳಿದ ಬೆಲೆ ಎಷ್ಟು. ಬೆಂಚಿಗೆ 10 ವರ್ಷ, ಕಂಪ್ಯೂಟರಿಗೆ 5 ಎಂದಿಟ್ಟುಕೊಂಡು ಕೆಳಗೆ ಮೊತ್ತ ಹಾಕಿ, ಆ ಮೊತ್ತವನ್ನು ಶಾಲೆಯ ಆಡಳಿತ ಮಂಡಳಿಯ ಮುಂದಿನ ಸಭೆಯಲ್ಲಿ ಓದಿ ಹೇಳಲಿ.