ಹಾಸಿಗೆ ಬಿಟ್ಟುಕೊಟ್ಟ ಹೋಟೆಲು

ಗೋಕಾಕದ ಬಸ್ ನಿಲ್ದಾಣದಲ್ಲಿ ಸಂಜೆ ಇಳಿದ ಪರಸ್ಥಳದವನೊಬ್ಬನು, ಇಂಗ್ಲಿಷ್ ನಿಘಂಟನ್ನೇ ಪರಮಪ್ರಮಾಣವೆಂದು ನಂಬಿದವನು, ರಾತ್ರಿ ತಲೆಯೂರಲು ಎಡೆಯನ್ನು ಅರಸುತ್ತ, ಒಳ್ಳೆಯ ಹೋಟೆಲ್ ಎಲ್ಲಿದೆಯೆಂದು ದಾರಿಹೋಕರನ್ನು ವಿಚಾರಿಸಿದನೆಂದರೆ, ಅವರು ಅವನನ್ನು ಅತ್ಯಂತ ಸೌಜನ್ಯದಿಂದ ಕರೆದೊಯ್ದು, ಕಾದ ಎಣ್ಣೆಯಲ್ಲಿ ಮಿರ್ಚಿ ಭಜಿ ಬೇಯುತ್ತಿರುವ ಒಲೆಯ ಮುಂದೆ ನಿಲ್ಲಿಸಿ, 'ಇದ ನೋಡ್ರಿ, ಚಹಾ ಭಾಳ ಚೊಲೊ ಇರ್ತದ' ಎಂದು ಹೇಳಿ ಹೋಗುವುದೇ ಸಂಭವ. ಮಲಗುವ ಮಾತನ್ನು ಅವನು ಬಿಡಿಸಿ ಹೇಳಿದ ಮೇಲೆ 'ಹಂಗಂದ್ರ ನಿಮಗ ಲಾಡ್ಜ್ ಬೇಕೇನ್ರಿ?' ಎಂಬ ಉತ್ತರ ಬಂದೀತು. ಇಲ್ಲಿ ಯಾರೂ ತಪ್ಪಿದವರಲ್ಲ. ಕೇಳಿದವನ ನುಡಿಯಲ್ಲಿ ಆ ಶಬ್ದವು ಹಾಸಿಗೆಯನ್ನು ಸೂಚಿಸುತ್ತದೆ. ಹೇಳಿದವರ ನುಡಿಯಲ್ಲಿ ತಿಂಡಿಯ ತಟ್ಟೆಯನ್ನು. ಕನ್ನಡದಲ್ಲಿ ಹೋಟೆಲು ಎಂಬುದು ಪಾಕಸಂಬಂಧಿಯಾದ ಶಬ್ದ. ಶಯನಕ್ಕೂ ಅದಕ್ಕೂ ನಮ್ಮಲ್ಲಿ ಸಂಬಂಧವಿಲ್ಲ, ಅಥವಾ ಈಚಿನವರೆಗೂ ಇರಲಿಲ್ಲ.

ಈ ಶಬ್ದದ ವಂಶಾವಳಿ ದೀರ್ಘವಾದುದು. ಲ್ಯಾಟಿನ್ ಭಾಷೆಯ 'ಹೋಸ್ಪೆಸ್' ಎಂಬುದು ಬಂದ ಅತಿಥಿಯನ್ನೂ ಅವನನ್ನು ಆದರಿಸುವ ಗೃಹಸ್ಥನನ್ನೂ ಸಮಾನವಾಗಿ ಹೆಸರಿಸುತ್ತಿದ್ದ ಪದ. ಉಪಚಾರವೆಂಬುದು ಇಬ್ಬರೂ ಕೂಡಿ ನಡೆಸುವ ಒಂದೇ ವ್ಯವಹಾರವೆಂದು ಆ ಜನ ಭಾವಿಸಿದ್ದರೋ ಏನೋ. ಅದರಿಂದ ಅತಿಥಿಗೃಹವೆಂಬ ಅರ್ಥದ 'ಹೋಸ್ಪಿತಾಲೆ' ಹುಟ್ಟಿತು. ಅದು ಹಳೆಯ ಫ್ರೆಂಚಿನಲ್ಲಿ ಸವೆದು 'ಹೊಸ್ತೆಲ್' ಆಯಿತು. ಮುಂದೆ ನಡುವಿನ ಸಕಾರವು ಉಚ್ಚಾರದಿಂದ ಜಾರಿಹೋಗಲು, ಅದರ ಸ್ಮಾರಕವಾಗಿ ಓಕಾರದ ಮೇಲೆ ಒಂದು ಕೋನಾಕಾರದ ಚಿಹ್ನೆಯನ್ನಷ್ಟೇ ಉಳಿಸಿಕೊಂಡು, ಮೊದಲಿನ ಹಕಾರವನ್ನೂ ನುಡಿಯದೆ, 'ಒತೆಲ್' ಎಂದು ಫ್ರೆಂಚರು ಹೇಳತೊಡಗಿದರು. ಅವರಲ್ಲಿ ಈ ಪದದ ವ್ಯಾಪ್ತಿ ನಮ್ಮನ್ನು ಬೆರಗುಗೊಳಿಸುವಂಥದು. ಪ್ಯಾರಿಸ್ಸಿನ 'ಒತೆಲ್ ದ ವೀಲ್' ಎಂಬುದು ನಗರಸಭೆಯ ಭವನ. 'ಒತೆಲ್ ದ್ಯೋ', ಎಂದರೆ ದೇವರ ಹೋಟೆಲು, ಆ ನಗರದ ಅತಿಪ್ರಾಚೀನವಾದ ಆಸ್ಪತ್ರೆ. ಹದಿನಾಲ್ಕನೆಯ ಲೂಯಿ ದೊರೆಯು 1670ರಲ್ಲಿ ಕಟ್ಟಲು ಆಜ್ಞಾಪಿಸಿದ 'ಒತೆಲ್ ದೆಜ಼್ ಎನ್ವಾಲಿದ್' ಯುದ್ಧದಲ್ಲಿ ಅಂಗಹೀನರಾದ ಸೈನಿಕರ ಆಶ್ರಯಸ್ಥಾನ. ಇವುಗಳಲ್ಲಿ ಯಾವುದರ ಬಾಗಿಲಿಗೆ ಹೋಗಿ ಎರಡು ಇಡ್ಲಿ ಕೇಳಿದರೂ ಗೋಕಾಕದ ಮನುಷ್ಯ ನಿರಾಶನಾಗಬೇಕಾದೀತು.

ಇಂಗ್ಲಿಷರು ಈ ಕುಟುಂಬದಿಂದ ಒಮ್ಮೆಯಲ್ಲ, ಹಲವು ಸಲ ಸಾಲ ತಂದರು: ಮಧ್ಯಯುಗದಲ್ಲಿ ಹಾಸ್ಪಿಟಲ್, ಹಾಸ್ಟೆಲ್ ಎಂಬೆರಡನ್ನು, ಬಹಳ ಕಾಲದ ಮೇಲೆ, ಹದಿನೇಳನೆಯ ಶತಮಾನದಲ್ಲಿ, ಸಕಾರ ಕಳೆದುಕೊಂಡ ಹೋಟೆಲ್ ಎಂಬುದನ್ನು. ಒಂದೇ ತಾಯಿಯ ಈ ಮೂರು ಮಕ್ಕಳು ಸಮುದ್ರ ದಾಟಿ ನಮ್ಮ ನಾಡಿಗೆ ಬಂದ ಮೇಲೆ, ಪಿತ್ರಾರ್ಜಿತ ಆಸ್ತಿಯನ್ನು ಅಣ್ಣತಮ್ಮಂದಿರು ಹಿಸ್ಸೆ ಮಾಡಿಕೊಂಡ ಹಾಗೆ, ಆತಿಥ್ಯವನ್ನು ಹಂಚಿಕೊಂಡುಬಿಟ್ಟವು. ರೋಗಿ ಹಿರಿಯನ ಪಾಲಿಗೆ ಬಂದನು. ವಿದ್ಯಾರ್ಥಿ ನಡುವಿನವನ ಪಾಲಿಗೆ. ಹಸಿದವನು ಕಿರಿಯನ ಪಾಲಿಗೆ. ಹಾಸಿಗೆಗಳೆಲ್ಲವೂ ಮೊದಲಿನ ಇಬ್ಬರಿಗೆ ಹೋಗಿ, ಕಿರಿಯನಾದ ಹೋಟೆಲಿಗೆ ಒಲೆ, ತಟ್ಟೆ, ಒಂದು ಕಟ್ಟಿಗೆಯ ಬಾಕು ಇಷ್ಟೇ ಉಳಿದುವು. ಆದರೆ ಊರೂರಲ್ಲಿ, ಓಣಿಓಣಿಯಲ್ಲಿ ಬೆಳೆದವನು ಅವನೇ.

ಇಲ್ಲಿ ಒಂದು ತಿದ್ದುಪಡಿಯನ್ನು ಹೇಳಲೇಬೇಕು. ಹಾಸ್ಪಿಟಲ್ ಎಂಬುದರ ತದ್ಭವವಾದ ಆಸ್ಪತ್ರೆ ಎಂಬ ಮಾತು ತೆಂಕಣ ಸೀಮೆಯಲ್ಲಿ ಎಷ್ಟೇ ರೂಢವಾಗಿದ್ದರೂ ಬೆಳಗಾವಿ ಜಿಲ್ಲೆಯ ಆಡುಮಾತಿನಲ್ಲಿ ಅದಕ್ಕೆ ಅಷ್ಟು ಎಡೆ ಸಿಕ್ಕಿಲ್ಲ. ಗೋಕಾಕದ ನೆರೆಯ ಘಟಪ್ರಭಾದಲ್ಲಿ 1929ರಲ್ಲಿ ಸ್ಥಾಪಿತವಾದ ಕರ್ನಾಟಕ ಆರೋಗ್ಯಧಾಮಕ್ಕೆ ಎಷ್ಟು ಸಂಸ್ಕೃತಮಯವಾದ ಹೆಸರಿದ್ದರೂ, ಅಲ್ಲಿಗೆ ಹೊರಟ ರೈತನು ತಾನು 'ದವಾಖಾನಿಗೆ' ಹೊರಟಿರುವುದಾಗಿಯೇ ಹೇಳುತ್ತಾನೆ. ಉಣ್ಣುವುದಕ್ಕೆ ಹೊರಟರೆ ಅದೇ ರೈತನು ಹೇಳುವ ಮಾತು 'ಖಾನಾವಳಿ'. ಕಿವಿಗೆ ಎರಡೂ ಒಂದೇ ಮನೆತನದವುಗಳಂತೆ ಕೇಳಿಸಿದರೂ ಅವಕ್ಕೆ ರಕ್ತಸಂಬಂಧವಿಲ್ಲ. ದವಾಖಾನೆಯ 'ಖಾನೆ' ಮನೆಯೆಂಬ ಅರ್ಥದ ಪಾರಸಿ ಪದ, ಖಾನಾವಳಿಯ 'ಖಾನಾ' ನಮ್ಮ ಸಂಸ್ಕೃತದ ಖಾದ್ ಧಾತುವಿನಿಂದ ಪ್ರಾಕೃತದ ದಾರಿಯಲ್ಲಿ ನಡೆದು ಬಂದದ್ದು. ಕೊನೆಯ 'ಆವಳಿ'ಯನ್ನು ಪಂಕ್ತಿಯೆಂದು ಅರ್ಥಮಾಡಿ, ಉಣ್ಣುವವರ ಸಾಲು ಎಂದು ವಿವರಿಸುವ ಪಂಡಿತರುಂಟು. ಮರಾಠಿಯಲ್ಲಿ 'ಶಿವಣಾವಳ' ಎಂದರೆ ಹೊಲಿಗೆಯ ಕೂಲಿ, 'ಧುಣಾವಳ' ಎಂದರೆ ಬಟ್ಟೆ ಒಗೆದ ಕೂಲಿ ಎಂಬುದನ್ನು ಬಲ್ಲವನಿಗೆ, ಈ 'ಆವಳ'ವು ಪಂಕ್ತಿಗಿಂತ ಹೆಚ್ಚಾಗಿ ಹಣವನ್ನೇ ಸೂಚಿಸುವ ಪ್ರತ್ಯಯವೆಂದು ತೋರೀತು. ನನಗಂತೂ ಹಾಗೆಯೇ ತೋರುತ್ತದೆ. ಆ ಪಕ್ಷದಲ್ಲಿ ಖಾನಾವಳಿಯು ಹುಟ್ಟಿನಿಂದಲೇ ಊಟದ ಬೆಲೆಯನ್ನು ಮುಚ್ಚುಮರೆಯಿಲ್ಲದೆ ಹೇಳಿಕೊಂಡ ಪದವಾಗುತ್ತದೆ.

ಬೆಲೆಯ ಮಾತು ಬಂದುದರಿಂದ ಹೇಳುತ್ತೇನೆ: ಅನ್ನವನ್ನು ಮಾರುವ ಮನೆಗೆ ನಮ್ಮಲ್ಲಿ ಗೌರವದ ಹೆಸರೊಂದು ಬಹುಕಾಲ ಇಲ್ಲದಿದ್ದುದು ಭಾಷೆಯ ದಾರಿದ್ರ್ಯದಿಂದಲ್ಲ. ಧರ್ಮಶಾಸ್ತ್ರಕಾರರು ಬ್ರಾಹ್ಮಣನು ವಿಕ್ರಯಿಸಬಾರದ ಪದಾರ್ಥಗಳಲ್ಲಿ ಕೃತಾನ್ನವನ್ನು, ಎಂದರೆ ಬೇಯಿಸಿದ ಅನ್ನವನ್ನು, ಸೇರಿಸಿದ್ದರು. ಶರಣರ ಪರಂಪರೆಯಲ್ಲಿ ದಾಸೋಹವೇ ಪರಮಧರ್ಮವಾಗಿತ್ತು. ಆದುದರಿಂದ ಅನ್ನವನ್ನು ಕೊಡುವ ಸ್ಥಳಗಳಿಗೆ ಛತ್ರ, ಅನ್ನಸತ್ರ, ಧರ್ಮಶಾಲೆ, ಪ್ರಸಾದನಿಲಯ ಎಂದು ಬೇಕಾದಷ್ಟು ಹೆಸರುಗಳು ಹುಟ್ಟಿದುವು. ಮೂಡಲಗಿಯ ಶಿವಬೋಧರಂಗನ ಜಾತ್ರೆಗೆ ಬಂದವನು ಪ್ರಸಾದ ಸ್ವೀಕರಿಸಿ ಕೈತೊಳೆಯುವಾಗ ಕಿಸೆಯನ್ನು ತಡವಿಕೊಳ್ಳುವುದಿಲ್ಲ. ಮಾರಿದ ಅನ್ನ ಇರಲೇ ಇಲ್ಲವೆಂದಲ್ಲ. ನಮ್ಮ ಜನಪದ ಕಥೆಗಳಲ್ಲಿ, ರಾಜ್ಯಭ್ರಷ್ಟನಾದ ರಾಜಕುಮಾರನು ಅರಿಯದ ಪಟ್ಟಣವನ್ನು ಹೊಕ್ಕೊಡನೆ ನೇರವಾಗಿ ಹೋಗಿ ಇಳಿದುಕೊಳ್ಳುವ ಮನೆಯೊಂದಿದೆ; ಅದು ಅಡಗೂಲಜ್ಜಿಯ ಮನೆ. ಅಡುಗೂಳು ಎಂದರೆ ಅಟ್ಟ ಕೂಳು. ಹೊನ್ನು ಕೊಟ್ಟ ಪಯಣಿಗನಿಗೆ ಅಡಿಗೆ ಮಾಡಿ ಬಡಿಸಿ, ಜಗಲಿಯಲ್ಲಿ ಚಾಪೆ ಕೊಟ್ಟು, ಮೇಲೆ ಊರಿನ ರಾಜಕುಮಾರಿಯ ಸಮಾಚಾರವನ್ನೂ ಪುಕ್ಕಟೆಯಾಗಿ ಒದಗಿಸುತ್ತಿದ್ದ ಆ ಮುದುಕಿಯ ಮನೆಗೆ, ಊಟ ವಸತಿಗಳೆರಡೂ ಒಂದೆಡೆ ದೊರೆಯುವ ಯುರೋಪಿನ ಹೋಟೆಲಿನ ಲಕ್ಷಣವೆಲ್ಲ ಇತ್ತು. ಪಾಪ, 'ಕೂಳು' ಎಂಬ ಶಬ್ದವೇ ಕಾಲಾಂತರದಲ್ಲಿ ಮಾನಗೆಟ್ಟು ಬೈಗುಳಕ್ಕೆ ಮೀಸಲಾದುದರಿಂದ, ಅವಳ ಹೆಸರನ್ನು ಹಲಗೆಯ ಮೇಲೆ ಬರೆಸುವ ಧೈರ್ಯ ಯಾರಿಗೂ ಉಳಿಯಲಿಲ್ಲ.

ಆಮೇಲೆ ಕಾಲ ಬದಲಾಯಿತು. ದಕ್ಷಿಣ ಮರಾಠಾ ರೈಲುಮಾರ್ಗ ಬಂದಿತು. ಘಟಪ್ರಭೆಯ ಧಬಧಬೆಯ ಮಗ್ಗುಲಲ್ಲಿ, 1885ರಲ್ಲಿ ಸ್ಥಾಪಿತವಾದ ಗೋಕಾಕ ಮಿಲ್ಲು ಪಾಳಿಯ ಕೆಲಸವನ್ನು ತಂದಿತು. ಕೋರ್ಟು ಕಚೇರಿಗಳು ಪಕ್ಷಕಾರರನ್ನು ಹಗಲೆಲ್ಲ ಕಾಯಿಸಿದುವು. ಮನೆಯಿಂದ ದೂರದಲ್ಲಿ, ನಿಯತವಾದ ಹೊತ್ತಿನಲ್ಲಿ ಹಸಿಯುವ ಜನ ಹೀಗೆ ಹುಟ್ಟಿಕೊಂಡಾಗ, ಅವರಿಗೆ ತಿಂಡಿ ಮಾಡಿ ಹಾಕಲು ಪಡುವಣ ಕರಾವಳಿಯಿಂದ ಘಟ್ಟ ಹತ್ತಿ ಬಂದವರು ಉಡುಪಿಯ ಕಡೆಯವರು. ಶಾಸ್ತ್ರವು ಯಾರಿಗೆ ಕೃತಾನ್ನದ ವಿಕ್ರಯವನ್ನು ನಿಷೇಧಿಸಿತ್ತೋ ಅವರೇ ಆ ವ್ಯಾಪಾರದ ಆಚಾರ್ಯರಾದುದು ನಮ್ಮ ಸಾಮಾಜಿಕ ಚರಿತ್ರೆಯ ರಸಮಯವಾದ ಸಂಗತಿಗಳಲ್ಲೊಂದು. ಆದರೆ ಹಲಗೆಯ ಮೇಲೆ 'ಹೋಟೆಲ್' ಎಂದು ಬರೆಯಲು ಹಿಂದಿನವರಿಗೆ ಕೊಂಚ ಸಂಕೋಚವಿದ್ದಂತೆ ಕಾಣುತ್ತದೆ. ವಿಲಾಸ, ಭವನ, ನಿವಾಸ, ಲಂಚ್ ಹೋಮ್ ಎಂಬಿವುಗಳ ಮರೆಯನ್ನು ಅವರು ಆಶ್ರಯಿಸಿದರು. ಬೆಂಗಳೂರಿನಲ್ಲಿ 1924ರಲ್ಲಿ ಪ್ರಾರಂಭವಾಗಿ ಮುಂದೆ ಮಾವಳ್ಳಿ ಟಿಫಿನ್ ರೂಮ್ ಎಂದು ಪ್ರಖ್ಯಾತವಾದುದರ ಮೊದಲ ಹೆಸರು ಬ್ರಾಹ್ಮಣರ ಕಾಫಿ ಕ್ಲಬ್ಬು. 1943ರ ವಿದ್ಯಾರ್ಥಿ ಭವನದ ಹೆಸರನ್ನು ಓದಿದವನು ಅದನ್ನು ಪಾಠಶಾಲೆಯೆಂದೇ ತಿಳಿದಾನು. ಯಜಮಾನರು ಏನೇ ಬರೆಸಿದರೂ ಒಳಗೆ ಹೋಗಿ ಕುಳಿತ ಜನ ಮಾತ್ರ ಅವೆಲ್ಲವನ್ನೂ ಹೋಟೆಲು ಎಂಬ ಒಂದೇ ಮಾತಿನಿಂದ ಕರೆದರು.

ಗೋಕಾಕ, ಮೂಡಲಗಿ, ಹುಕ್ಕೇರಿಗಳ ಸೀಮೆಯಲ್ಲಿ ಹೊರಗೆ ತಿನ್ನುವ ಲೋಕವು ಹೋಟೆಲು, ಖಾನಾವಳಿ ಎಂಬ ಎರಡು ಶಬ್ದಗಳ ನಡುವೆ ಸ್ಪಷ್ಟವಾಗಿ ಭಾಗವಾಗಿದೆ. ಚಹಾ, ಉಪ್ಪಿಟ್ಟು, ಶಿರಾ, ಪುರಿ ಭಾಜಿ, ಒಗ್ಗರಣೆ ಅವಲಕ್ಕಿ, ಚುರಮುರಿಯ ಸೂಸಲ, ಅದರ ಮಗ್ಗುಲಿಗೆ ಮಿರ್ಚಿ ಭಜಿ, ಇವುಗಳಿಗೆ ಹೋಟೆಲು. ಬಡಿದ ಜೋಳದ ರೊಟ್ಟಿ, ಎಣ್ಣೆಗಾಯಿ, ಝುಣಕ, ಪುಂಡಿಪಲ್ಯ, ಶೇಂಗಾಚಟ್ನಿ, ಗಟ್ಟಿ ಮೊಸರು, ಇವುಗಳಿಗೆ ಖಾನಾವಳಿ. ಹೋಟೆಲಿನಲ್ಲಿ ಮನುಷ್ಯ ತಿನ್ನುತ್ತಾನೆ, ಕುಡಿಯುತ್ತಾನೆ, ಖಾನಾವಳಿಯಲ್ಲಿ ಉಣ್ಣುತ್ತಾನೆ. ಈ ಕ್ರಿಯಾಪದಗಳ ಮರ್ಯಾದೆಯನ್ನು ಅಲ್ಲಿನ ಜನ ಎಷ್ಟು ಎಚ್ಚರದಿಂದ ಕಾಯುತ್ತಾರೆಂದರೆ, ಮಧ್ಯಾಹ್ನದ ಹನ್ನೆರಡು ಗಂಟೆಗೆ ಹೋಟೆಲಿನಲ್ಲಿ ತಟ್ಟೆ ತುಂಬ ಪುರಿ ಭಾಜಿ ತಿಂದವನೂ 'ಊಟ ಆತೇನ್ರಿ?' ಎಂಬ ಪ್ರಶ್ನೆಗೆ 'ಇಲ್ರಿ, ಬರೇ ನಾಷ್ಟಾ ಆಗೇದ' ಎಂದು ಪ್ರಾಮಾಣಿಕವಾಗಿಯೇ ಉತ್ತರಿಸುತ್ತಾನೆ. ರೊಟ್ಟಿಯಿಲ್ಲದುದು ಊಟವೆನಿಸದು. ಇನ್ನು ಗೋಕಾಕದ ಹೆಸರನ್ನು ದೂರದೂರಕ್ಕೆ ಒಯ್ದಿರುವ ಕರದಂಟು ಇವೆರಡರ ಗೊಡವೆಗೂ ಹೋಗದೆ ಅಂಗಡಿಯಲ್ಲಿಯೇ ಉಳಿದಿದೆ. ಕರಿದ ಅಂಟಿಗೆ ಬೆಲ್ಲ, ಒಣಕೊಬ್ಬರಿ, ಗೋಡಂಬಿ ಬಾದಾಮಿಗಳನ್ನು ಬೆರೆಸಿ ಮಾಡುವ ಆ ಮಿಠಾಯಿಯು ಬಾಣಂತಿಯರ ಪಥ್ಯದಿಂದ ಪ್ರಯಾಣಿಕರ ಚೀಲಕ್ಕೆ ಬಂದದ್ದಾದುದರಿಂದ, ಅದನ್ನು ಕಟ್ಟಿಸಿಕೊಂಡು ಮನೆಗೆ ಒಯ್ಯುವುದೇ ರೂಢಿ. ಹೋಟೆಲಿನಲ್ಲಿ ಕುಳಿತು ಒಂದು ತಟ್ಟೆ ಕರದಂಟು ತರಿಸಿ ತಿಂದವನನ್ನು ನಾನು ಕಂಡಿಲ್ಲ.

ಶಬ್ದಾರ್ಥಗಳ ಸೂಕ್ಷ್ಮಭೇದವನ್ನು ತಿಳಿಯಬೇಕಾದರೆ ನಿಘಂಟಿಗಿಂತಲೂ ತಾಯಂದಿರ ಬೈಗುಳ ಹೆಚ್ಚು ಪ್ರಮಾಣ. ದಿನಕ್ಕೊಂದು ಬಗೆಯ ತಿಂಡಿಯನ್ನು ಬಯಸಿ ಹಟಮಾಡುವ ಮಗನಿಗೆ 'ಮನಿ ಅಂದ್ರ ಹೋಟೆಲ್ ಅಂತ ತಿಳದೀಯೇನೋ ತಮ್ಮಾ?' ಎನ್ನುತ್ತಾರೆ. ಗೆಳೆಯರ ಸಂಗಡ ಹಗಲೆಲ್ಲ ತಿರುಗಿ, ಎಲೆ ಹಾಕುವ ಹೊತ್ತಿಗೆ ಮಾತ್ರ ಸರಿಯಾಗಿ ಹಾಜರಾಗುವವನಿಗೆ 'ಇದೇನ ಖಾನಾವಳಿ ಏನ?' ಎನ್ನುತ್ತಾರೆ. ಏನೊಂದು ಕೆಲಸವನ್ನೂ ಮಾಡದೆ ಸೂರ್ಯ ನೆತ್ತಿಗೆ ಬರುವವರೆಗೆ ಬಿದ್ದುಕೊಂಡವನ ಪಾಲಿಗೆ ಮನೆಯು 'ಧರ್ಮಶಾಲಾ' ಆಗುತ್ತದೆ. ಮೂರು ಅಪರಾಧಗಳಿಗೆ ಮೂರು ಸಂಸ್ಥೆಗಳು. ಒಂದರ ಸ್ಥಾನದಲ್ಲಿ ಇನ್ನೊಂದನ್ನು ಇಟ್ಟರೆ ಬೈಗುಳದ ಹರಿತ ಕುಂದುವುದು. ಯಾವ ವೈಯಾಕರಣನೂ ಕಲಿಸದೆ ಇಷ್ಟು ನಿರ್ದುಷ್ಟವಾಗಿ ಶಬ್ದಪ್ರಯೋಗ ಮಾಡುವ ಈ ತಾಯಂದಿರಿಗೆ, ಹೋಟೆಲೆಂಬುದು ಪರಭಾಷೆಯ ಪದವೆಂದು ಹೇಳಿದರೆ ನಂಬುವುದೂ ಕಷ್ಟ. ಹೊಟ್ಟೆಗೆ ಹಾಕುವ ಜಾಗವಾದುದರಿಂದ ಹೋಟೆಲ್ ಎಂದಾಯಿತೆಂದು ಹಳ್ಳಿಯ ವಿನೋದಿಗಳು ಹೇಳುವ ವ್ಯುತ್ಪತ್ತಿ ಅವರಿಗೆ ಹೆಚ್ಚು ಸಮಂಜಸವೆನಿಸೀತು.

ಹುಕ್ಕೇರಿಯ ತಾಲೂಕಿನೊಳಗೆ ಸಂಕೇಶ್ವರದ ಕಡೆಯಿಂದ ಪುಣೆ ಬೆಂಗಳೂರು ಹೆದ್ದಾರಿ ಹಾದುಹೋಗುವುದರಿಂದ, ಅಲ್ಲಿ ಈ ಶಬ್ದದ ಚರಿತ್ರೆಗೆ ಹೊಸ ಅಧ್ಯಾಯವೊಂದು ಸೇರಿದೆ. ರಾತ್ರಿಯ ಬಸ್ಸುಗಳು ನಿಲ್ಲುವ ಹೋಟೆಲು, ಲಾರಿಗಳು ನಿಲ್ಲುವ ಧಾಬಾ, ಮಹಡಿಯ ಮೇಲೆ ಕೊಠಡಿಗಳಿರುವ 'ಹೋಟೆಲ್ ಅಂಡ್ ಲಾಡ್ಜಿಂಗ್' ಅಲ್ಲಲ್ಲಿ ಎದ್ದಿವೆ. ಹಾಸಿಗೆಯ ವಿಷಯವನ್ನು ಪ್ರತ್ಯೇಕವಾದ ಇನ್ನೊಂದು ಶಬ್ದದಿಂದ ಹೇಳಲೇಬೇಕಾಗಿ ಬಂದಿರುವುದು, ಮೊದಲಿನ ಶಬ್ದದಿಂದ ಆ ಅರ್ಥ ಎಷ್ಟು ಪೂರ್ಣವಾಗಿ ಹೊರಟುಹೋಗಿದೆ ಎಂಬುದಕ್ಕೆ ಸಾಕ್ಷಿ. ಇದರ ಜತೆಗೆ ಫ್ರೆಂಚಿನಿಂದಲೇ ಹೊರಟ ಇನ್ನೊಂದು ಪದವೂ ಹೆದ್ದಾರಿಯಲ್ಲಿ ಬಂದು ಇಳಿದಿದೆ: ರೆಸ್ಟೋರೆಂಟ್. ಮೂಲತಃ ಅದು ಮನೆಯ ಹೆಸರಾಗಿರಲಿಲ್ಲ, ಬಳಲಿದವನಿಗೆ ಪುನಶ್ಚೇತನ ಕೊಡುವ ಒಂದು ಬಗೆಯ ಸಾರಿನ ಹೆಸರಾಗಿತ್ತು. ಹದಿನೆಂಟನೆಯ ಶತಮಾನದ ಪ್ಯಾರಿಸ್ಸಿನಲ್ಲಿ ಆ ಸಾರು ದೊರೆಯುವ ಅಂಗಡಿಗೂ ಸಾರಿನ ಹೆಸರೇ ಅಂಟಿಕೊಂಡಿತು. ಸಾರಿನ ಮಹಿಮೆಯನ್ನು ಬಲ್ಲ ಕನ್ನಡಿಗರಿಗೆ ಇದರಲ್ಲಿ ವಿಸ್ಮಯವೇನೂ ತೋರಲಾರದು. ಆದರೆ ನಮ್ಮ ದೇಶಕ್ಕೆ ಬಂದ ಮೇಲೆ ಆ ಪದವು 'ಬಾರ್ ಅಂಡ್' ಎಂಬ ವಿಶೇಷಣದ ಸಹವಾಸಕ್ಕೆ ಸಿಕ್ಕಿ ಹೆಸರು ಕೆಡಿಸಿಕೊಂಡಿತು. ಗೃಹಸ್ಥರು ಹೆಂಡತಿ ಮಕ್ಕಳೊಡನೆ ಒಳಗೆ ಕಾಲಿಡಲು ಹಿಂಜರಿದಾಗ ಯಜಮಾನರು 'ಫ್ಯಾಮಿಲಿ ರೆಸ್ಟೋರೆಂಟ್' ಎಂದು ಬರೆಸಿ ಅದಕ್ಕೆ ಪ್ರಾಯಶ್ಚಿತ್ತ ಮಾಡಿಸಿದರು. ಹೋಟೆಲಿಗೆ ಇಂಥ ಪ್ರಾಯಶ್ಚಿತ್ತದ ಅಗತ್ಯ ಎಂದೂ ಬೀಳಲಿಲ್ಲ.

ಬರವಣಿಗೆಯ ವಿಷಯದಲ್ಲಿ ಮಾತ್ರ ಅರಾಜಕತೆ ಇದೆ. ಹೋಟೆಲ್, ಹೊಟೇಲ್, ಹೋಟೇಲ್ ಎಂಬ ಮೂರು ರೂಪಗಳನ್ನು ಒಂದೇ ಬೀದಿಯಲ್ಲಿ ಓದಬಹುದು. ಗಡಿಯ ಕಡೆಗೆ ಸರಿದಂತೆ ಮರಾಠಿಯ 'ಹಾಟೇಲ'ದ ಛಾಯೆಯೂ ಬೀಳುತ್ತದೆ. ದೀರ್ಘವು ಮೊದಲ ಅಕ್ಷರದ ಮೇಲಿರಬೇಕೋ ಎರಡನೆಯದರ ಮೇಲೋ ಎಂಬ ವಿವಾದದಲ್ಲಿ ನನಗೆ ಆಗ್ರಹವಿಲ್ಲ. ವ್ಯಂಜನಾಂತವಾದ ಪರಭಾಷಾಪದಕ್ಕೆ ಉಕಾರವನ್ನು ಹಚ್ಚಿ ನಮ್ಮದಾಗಿಸಿಕೊಳ್ಳುವ ಹಳೆಯ ಪದ್ಧತಿಯಂತೆ 'ಹೋಟೆಲು' ಎಂದು ಬರೆಯುವುದೇ ಕನ್ನಡದ ಜಾಯಮಾನಕ್ಕೆ ಒಪ್ಪುವುದೆಂದಷ್ಟೇ ಹೇಳುತ್ತೇನೆ. ಇಂಗ್ಲಿಷ್ ಬೇಡವೆಂದು ದೇಶಾಭಿಮಾನದಿಂದ ಸಂಸ್ಕೃತವನ್ನು ಆಶ್ರಯಿಸಿದವರ ಪಾಡು ಇನ್ನೂ ವಿಚಿತ್ರ. ಅಲ್ಪಾಹಾರವೆಂಬ ಅರ್ಥಕ್ಕೆ 'ಉಪಾಹಾರ' ಎಂದು ದೀರ್ಘವಿರಬೇಕು. ಹಲಗೆ ಬರೆಯುವ ಕಲಾವಿದನು ಬಹುತೇಕ ಎಲ್ಲ ಕಡೆಯಲ್ಲೂ ಒಂದು ದೀರ್ಘವನ್ನು ಉಳಿತಾಯಮಾಡಿ 'ಉಪಹಾರ ಗೃಹ' ಎಂದು ಬರೆಯುತ್ತಾನೆ. ಉಪಹಾರವೆಂದರೆ ಕಾಣಿಕೆ, ಕೊಡುಗೆ. ಆ ಹಲಗೆಯನ್ನು ಅಕ್ಷರಶಃ ನಂಬಿ ಒಳಹೊಕ್ಕ ಸಂಸ್ಕೃತ ಪಂಡಿತನು ಎರಡು ಉಪ್ಪಿಟ್ಟು ತಿಂದು ಕೈಮುಗಿದು ಹೊರಟರೆ, ಗಲ್ಲೆಯ ಮೇಲೆ ಕುಳಿತವನು ಅವನನ್ನು ಹಾಗೆಯೇ ಬಿಟ್ಟಾನೆಂದು ನನಗನಿಸುವುದಿಲ್ಲ.

ಕನ್ನಡ ನಿಘಂಟುಗಳನ್ನು ಪರಿಷ್ಕರಿಸುವವರಿಗೆ ನನ್ನದೊಂದು ವಿಜ್ಞಾಪನೆ. ಹೋಟೆಲು ಎಂಬಲ್ಲಿ ಇಂಗ್ಲಿಷ್ ಕೋಶದ ಅರ್ಥವನ್ನು ಮೊದಲಿಗೆ ನಕಲುಮಾಡುವುದನ್ನು ಬಿಟ್ಟು, ಹಣ ಕೊಟ್ಟು ಚಹಾ ಕಾಫಿ ತಿಂಡಿಗಳನ್ನು ಸೇವಿಸುವ ಸ್ಥಳವೆಂಬುದನ್ನು ಪ್ರಥಮಾರ್ಥವಾಗಿಯೂ, ತಂಗುವ ಕೊಠಡಿಗಳುಳ್ಳ ಮನೆಯೆಂಬುದನ್ನು ಈಚಿನ, ನಗರದ ಅರ್ಥವಾಗಿಯೂ ಕೊಡಬೇಕು. ಮೂರನೆಯದಾಗಿ, ತಾಯಂದಿರ ಪ್ರಯೋಗವೆಂದು ಗುರುತುಹಾಕಿ, ಬೇಕೆಂದದ್ದನ್ನು ಬೇಕೆಂದಾಗ ಮಾಡಿಕೊಡಬೇಕೆಂದು ಮಕ್ಕಳು ಭಾವಿಸುವ ಮನೆ ಎಂಬುದನ್ನೂ ಸೇರಿಸಬೇಕು. 'ಖಾನಾವಳಿಯನ್ನು ನೋಡಿ' ಎಂಬ ಸೂಚನೆ ಮಾತ್ರ ಅಲ್ಲಿ ಬೇಡ. ಗೋಕಾಕದಲ್ಲಿ ಅವೆರಡನ್ನೂ ಒಂದೆಂದು ಯಾರೂ ಒಪ್ಪುವುದಿಲ್ಲ.